ಜ್ಯೇಷ್ಠತಾ ಪಟ್ಟಿ: ಏಕೀಕರಣದ ಮತ್ತೊಂದು ಕಥೆ



ನಿಮ್ಮಲ್ಲಿ ಅನೇಕರು ಸರ್ಕಾರಿ ಸೇವೆಯಲ್ಲಿದ್ದೀರಿ. ಕೆಲವರು ನಿವೃತ್ತಿಯ ಹೊಸ್ತಿಲಲ್ಲಿದ್ದೀರಿ. ‘ಜ್ಯೇಷ್ಠತಾ ಪಟ್ಟಿ’ ಎಂಬ ಶಬ್ದ ಕಿವಿಗೆ ಬಿದ್ದೊಡನೆ ನಿಮ್ಮ ಎದೆಬಡಿತ ಏರುವುದನ್ನು ನಾನು ಬಲ್ಲೆ. ಆ ಪಟ್ಟಿಗೂ ನಮ್ಮ ನಾಡಿನ ಚರಿತ್ರೆಗೂ ಇರುವ ಸಂಬಂಧವನ್ನು ಇಲ್ಲಿ ನಿವೇದಿಸುತ್ತೇನೆ.

1956ರ ನವೆಂಬರ್ 1ರಂದು ಕನ್ನಡ ನಾಡು ಒಂದಾಯಿತು. ಹಳೆಯ ಮೈಸೂರಿನೊಡನೆ ಮುಂಬಯಿ ಪ್ರಾಂತದ ಬೆಳಗಾವಿ, ಬಿಜಾಪುರ, ಧಾರವಾಡ, ಉತ್ತರ ಕನ್ನಡ. ಹೈದರಾಬಾದಿನ ಬೀದರ, ಗುಲ್ಬರ್ಗಾ, ರಾಯಚೂರು. ಮದರಾಸಿನ ದಕ್ಷಿಣ ಕನ್ನಡ ಮತ್ತು ಕೊಳ್ಳೇಗಾಲ. ಜೊತೆಗೆ ಕೊಡಗು, ಇವೆಲ್ಲ ಕೂಡಿಕೊಂಡವು. ಭೂಮಿಯೊಂದಿಗೆ ಆಯಾ ಭಾಗದ ನೌಕರವರ್ಗವೂ ಬಂದಿತು. ಮೈಸೂರಿನಲ್ಲಿ ಅಮಲ್ದಾರರು, ಮುಂಬಯಿ ಭಾಗದಲ್ಲಿ ಮಾಮಲೇದಾರರು, ಹೈದರಾಬಾದಿನಲ್ಲಿ ತಹಶೀಲ್ದಾರರು! ಕೆಲಸ ಹೆಚ್ಚುಕಡಿಮೆ ಒಂದೇ. ಆದರೆ ಸಂಬಳ ಬೇರೆ, ನೇಮಕದ ಅರ್ಹತೆ ಬೇರೆ, ಇಲಾಖಾ ಪರೀಕ್ಷೆ ಬೇರೆ. ಇವರನ್ನೆಲ್ಲ ಒಂದೇ ಪಟ್ಟಿಯಲ್ಲಿ ನಿಲ್ಲಿಸುವಾಗ ಯಾರು ಮೇಲೆ, ಯಾರು ಕೆಳಗೆ?

ಇದಕ್ಕೆ ನಾಲ್ಕು ಅಳತೆಗೋಲುಗಳನ್ನು ಗೊತ್ತುಪಡಿಸಲಾಯಿತು: ಹುದ್ದೆಯ ಸ್ವರೂಪ ಹಾಗೂ ಕರ್ತವ್ಯ, ಅದರ ಹೊಣೆ ಹಾಗೂ ಅಧಿಕಾರ, ನೇಮಕಕ್ಕೆ ಬೇಕಾದ ಕನಿಷ್ಠ ವಿದ್ಯಾರ್ಹತೆ, ಕೊನೆಯದಾಗಿ ಸಂಬಳ. ರಾಜ್ಯ ಪುನರ್ವಿಂಗಡಣಾ ಕಾಯ್ದೆಯ 115ನೆಯ ಪ್ರಕರಣವು ನೌಕರರಿಗೆ ಒಂದು ಅಭಯವನ್ನೂ ಇತ್ತಿತ್ತು. ಕೇಂದ್ರ ಸರ್ಕಾರದ ಪೂರ್ವಾನುಮತಿಯಿಲ್ಲದೆ ಯಾರ ಸೇವಾ ಷರತ್ತನ್ನೂ ಅವರಿಗೆ ಹಾನಿಯಾಗುವಂತೆ ಬದಲಿಸಕೂಡದು ಎಂಬುದೇ ಅದು.

ಹಾಗಾದರೆ ಬಡ್ತಿಯೂ ಸೇವಾ ಷರತ್ತೇ? ವ್ಯಾಜ್ಯಗಳು ಮೊಳೆತದ್ದು ಈ ಪ್ರಶ್ನೆಯಿಂದಲೇ. ದಕ್ಷಿಣ ಕನ್ನಡದ ರಾಘವೇಂದ್ರರಾವ್ ಪ್ರಕರಣವು 1964ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ತೀರ್ಮಾನವಾಯಿತು. ಇಲಾಖಾ ಬಡ್ತಿಯಂತಹ ವಿಷಯಗಳಿಗೆ ರಕ್ಷಣೆ ನೀಡುವುದು ಉಚಿತವಲ್ಲವೆಂದು ಕೇಂದ್ರವು 1957ರ ಮೇ 11ರ ಜ್ಞಾಪನದಲ್ಲಿ ರಾಜ್ಯಗಳಿಗೆ ತಿಳಿಸಿತ್ತು. ಆ ಜ್ಞಾಪನವೇ ಪೂರ್ವಾನುಮತಿಗೆ ಸಮವೆಂದು ನ್ಯಾಯಾಲಯ ಹೇಳಿತು. ಒಂದು ಹಳೆಯ ಪತ್ರದಿಂದ ಅಭಯದ ಬಹುಭಾಗ ಕರಗಿಹೋಯಿತು.

1967ರ ಪುರೋಹಿತ ಪ್ರಕರಣವು ಆರೋಗ್ಯ ಇಲಾಖೆಯ ನೈರ್ಮಲ್ಯ ನಿರೀಕ್ಷಕರದು. ಅವರ ಜ್ಯೇಷ್ಠತೆಯನ್ನು ಜಿಲ್ಲಾವಾರು ಎಣಿಸುತ್ತಿದ್ದುದನ್ನು ರಾಜ್ಯಮಟ್ಟಕ್ಕೆ ಬದಲಿಸಲಾಯಿತು. ಜಿಲ್ಲೆಯಲ್ಲಿ ಮೇಲಿದ್ದವರು ರಾಜ್ಯದ ಪಟ್ಟಿಯಲ್ಲಿ ಬಹಳ ಕೆಳಗಿಳಿದರು. ಬಡ್ತಿಯ ‘ಸಾಧ್ಯತೆ’ ಕುಗ್ಗಿದ ಮಾತ್ರಕ್ಕೆ ಸೇವಾ ಷರತ್ತು ಬದಲಾದಂತಲ್ಲ ಎಂಬುದು ಅಲ್ಲಿನ ತೀರ್ಪು.

ಮರುವರ್ಷ, 1968ರಲ್ಲಿ, ಸೈಯದ್ ಮಹಮೂದ್ ಪ್ರಕರಣ ಬಂದಿತು. ಸಂಖ್ಯಾಶಾಸ್ತ್ರ ಇಲಾಖೆಯಲ್ಲಿ ಹಿರಿಯರ ಹೆಸರನ್ನು ಪರಿಶೀಲಿಸದೆಯೇ ಕಿರಿಯರಿಗೆ ಬಡ್ತಿ ಕೊಡಲಾಗಿತ್ತು. ಹಿರಿಯರಿಗೆ ಬಡ್ತಿ ಕೊಡಿರೆಂದು ಹೈಕೋರ್ಟು ಆದೇಶಿಸಿತು. ಸುಪ್ರೀಂ ಕೋರ್ಟು ಅದನ್ನು ತಿದ್ದಿತು: ಅರ್ಹತೆಯೊಡಗೂಡಿದ ಜ್ಯೇಷ್ಠತೆ ನಿಯಮವಾಗಿರುವಲ್ಲಿ ಕೇವಲ ಹಿರಿತನದಿಂದ ಬಡ್ತಿ ಹಕ್ಕಾಗದು, ಆದರೆ ಹಿರಿಯನನ್ನು ಪರಿಗಣಿಸಲೇಬೇಕು. ಬಡ್ತಿಯು ಹಕ್ಕಲ್ಲ, ಪರಿಗಣನೆಯು ಹಕ್ಕು. ಸೇವಾ ನ್ಯಾಯದ ತಿರುಳೆಲ್ಲ ಇಷ್ಟರಲ್ಲೇ ಅಡಗಿದೆ ಎಂದರೂ ಸಲ್ಲುತ್ತದೆ.

ಈ ತತ್ತ್ವವು ಕಠಿಣವೆಂದು ತೋರಬಹುದು. ಆದರೆ ಒಂದು ಪಟ್ಟಿಯಲ್ಲಿ ಒಬ್ಬನನ್ನು ಮೇಲೇರಿಸಿದರೆ ಮತ್ತೊಬ್ಬ ತಾನಾಗಿಯೇ ಕೆಳಗಿಳಿಯುತ್ತಾನೆ. ಸಂಬಳವನ್ನಾದರೆ ಬೊಕ್ಕಸದಿಂದ ಹೆಚ್ಚಿಸಬಹುದು. ಹಿರಿತನವನ್ನು ಪಕ್ಕದ ಮೇಜಿನವನಿಂದಲೇ ತೆಗೆದುಕೊಡಬೇಕು. ಆದುದರಿಂದಲೇ ಈ ವ್ಯಾಜ್ಯಗಳು ಸರ್ಕಾರದ ವಿರುದ್ಧ ಹೂಡಿದಂತೆ ಕಂಡರೂ, ಒಳಗೆ ಸಹೋದ್ಯೋಗಿಗಳ ನಡುವಿನ ಜಗಳಗಳೇ ಆಗಿರುತ್ತವೆ.

ಮುಂದಿನ ತಲೆಮಾರಿನಲ್ಲಿ ಪ್ರಶ್ನೆಯು ಬೇರೊಂದು ರೂಪ ತಾಳಿತು. ಮೀಸಲಾತಿಯಿಂದ ಮೊದಲು ಬಡ್ತಿ ಪಡೆದವರು ಮೇಲಿನ ಹುದ್ದೆಯಲ್ಲೂ ಹಿರಿಯರಾಗಿ ಉಳಿಯಬೇಕೇ, ಅಥವಾ ಆಮೇಲೆ ಬಡ್ತಿ ಹೊಂದಿದ ಹಳೆಯ ಹಿರಿಯರು ತಮ್ಮ ಸ್ಥಾನವನ್ನು ಮರಳಿ ಪಡೆಯಬೇಕೇ? 1995ರ ವೀರಪಾಲ್ ಸಿಂಗ್ ತೀರ್ಪು ಎರಡನೆಯ ಪಕ್ಷವನ್ನು ಎತ್ತಿಹಿಡಿಯಿತು. 2001ರಲ್ಲಿ ಸಂವಿಧಾನಕ್ಕೆ 85ನೆಯ ತಿದ್ದುಪಡಿ ತಂದು ಸಂಸತ್ತು ಮೊದಲನೆಯದಕ್ಕೆ ದಾರಿ ತೆರೆಯಿತು. ನಮ್ಮ ರಾಜ್ಯ 2002ರಲ್ಲಿ ಕಾಯ್ದೆ ಮಾಡಿತು. 2006ರ ನಾಗರಾಜ್ ತೀರ್ಪು ತಿದ್ದುಪಡಿಯನ್ನು ಒಪ್ಪಿತಾದರೂ ಅಂಕಿಅಂಶಗಳ ಆಧಾರವನ್ನು ಕೇಳಿತು. ಆ ಆಧಾರವಿಲ್ಲವೆಂದು ಪವಿತ್ರ ಪ್ರಕರಣದಲ್ಲಿ 2017ರ ಫೆಬ್ರವರಿ 9ರಂದು ರಾಜ್ಯದ ಕಾಯ್ದೆಯ ಮುಖ್ಯ ಪ್ರಕರಣಗಳು ಬಿದ್ದುಹೋದವು. ಆಮೇಲೆ ರತ್ನಪ್ರಭಾ ಸಮಿತಿ ಅಂಕಿಅಂಶ ಕಲೆಹಾಕಿತು, 2018ರಲ್ಲಿ ಹೊಸ ಕಾಯ್ದೆ ಬಂದಿತು, 2019ರ ಮೇ 10ರಂದು ಸುಪ್ರೀಂ ಕೋರ್ಟು ಅದನ್ನು ಎತ್ತಿಹಿಡಿಯಿತು. ಒಂದು ಕಡೆ ತಲತಲಾಂತರದಿಂದ ಬಾಗಿಲ ಹೊರಗೇ ನಿಂತವರ ನ್ಯಾಯ. ಇನ್ನೊಂದು ಕಡೆ ಮೊದಲು ಸೇವೆಗೆ ಸೇರಿದವರ ನಿರೀಕ್ಷೆ. ಎರಡನ್ನೂ ಹಗುರವಾಗಿ ಕಾಣಲಾಗದು.

ಸೇವೆಯಲ್ಲಿರುವವರಿಗೆ ಹಳೆಯ ಮೇಷ್ಟರ ಒಂದು ಮಾತು. ತಾತ್ಕಾಲಿಕ ಜ್ಯೇಷ್ಠತಾ ಪಟ್ಟಿ ಹೊರಬಿದ್ದಾಗ ಅದನ್ನು ಓದಿರಿ, ತಪ್ಪಿದ್ದರೆ ಗಡುವಿನೊಳಗೆ ಲಿಖಿತ ಆಕ್ಷೇಪಣೆ ಸಲ್ಲಿಸಿರಿ. ಬಡ್ತಿಯ ವಿಷಯದಲ್ಲಿ ನೊಂದವನು ಆರು ತಿಂಗಳೊಳಗೆ, ಹೆಚ್ಚೆಂದರೆ ಒಂದು ವರ್ಷದೊಳಗೆ ನ್ಯಾಯಾಲಯಕ್ಕೆ ಬರಬೇಕೆಂದು ಸದಾಶಿವಸ್ವಾಮಿ ಪ್ರಕರಣದಲ್ಲಿ 1974ರಲ್ಲೇ ಸುಪ್ರೀಂ ಕೋರ್ಟು ಹೇಳಿದೆ. ತಡವಾಗಿ ಬಂದವನಿಗಾಗಿ ನೆಲೆಗೊಂಡವರನ್ನು ಕದಲಿಸಲು ನ್ಯಾಯಾಧೀಶರು ಹಿಂಜರಿಯುತ್ತಾರೆ. ತೀರ್ಪು ಬರುವ ಹೊತ್ತಿಗೆ ಅರ್ಜಿದಾರನು ನಿವೃತ್ತನಾಗಿರುವುದೂ ಉಂಟು. ಆಗ ಸಿಗುವುದು ಕಾಗದದ ಮೇಲಿನ ಬಡ್ತಿ ಮತ್ತು ತುಸು ಹೆಚ್ಚಿನ ಪಿಂಚಣಿ. ಆ ಕುರ್ಚಿಯಲ್ಲಿ ಕುಳಿತು ಮಾಡಬಹುದಾಗಿದ್ದ ಕೆಲಸ ಮಾತ್ರ ಮರಳಿ ಸಿಗುವುದಿಲ್ಲ.

ನಿಮ್ಮ ಹಕ್ಕಿಗಾಗಿ ಅವಶ್ಯವಾಗಿ ಹೋರಾಡಿರಿ. ಪಟ್ಟಿಯಲ್ಲಿ ನಿಮ್ಮ ಮೇಲೋ ಕೆಳಗೋ ಇರುವವನೊಡನೆ ಮಧ್ಯಾಹ್ನದ ಬುತ್ತಿ ಹಂಚಿಕೊಳ್ಳುವುದನ್ನು ಮಾತ್ರ ನಿಲ್ಲಿಸಬೇಡಿರಿ.