ಸುವ್ಲಾಕಿ: ಸ್ಲೋಡೈವ್ ತಂಡದ ಎರಡನೆಯ ಆಲ್ಬಮ್

ಇಂಗ್ಲೆಂಡಿನ ರೆಡಿಂಗ್ ಪಟ್ಟಣದ ಸ್ಲೋಡೈವ್ ತಂಡದ ಎರಡನೆಯ ಸ್ಟುಡಿಯೊ ಆಲ್ಬಮ್ ‘ಸುವ್ಲಾಕಿ’. 1993ರಲ್ಲಿ ಕ್ರಿಯೇಶನ್ ರೆಕಾರ್ಡ್ಸ್ ಹೊರತಂದ ಇದರಲ್ಲಿ ಹತ್ತು ಹಾಡುಗಳಿದ್ದು, ಒಟ್ಟು ಅವಧಿ ಸುಮಾರು 40 ನಿಮಿಷ. ಬಿಡುಗಡೆಯಾದಾಗ ಬ್ರಿಟಿಷ್ ಸಂಗೀತ ಪತ್ರಿಕೆಗಳಿಂದ ಇದಕ್ಕೆ ಸಿಕ್ಕಿದ್ದು ಹೆಚ್ಚಾಗಿ ತಾತ್ಸಾರ. ಇಂದು ಶೂಗೇಜ್ ಎಂಬ ರಾಕ್ ಪ್ರಕಾರದ ಮಾತು ಬಂದಾಗ ಮೈ ಬ್ಲಡಿ ವ್ಯಾಲೆಂಟೈನ್ ತಂಡದ ‘ಲವ್‌ಲೆಸ್’ (1991) ಜೊತೆಯಲ್ಲೇ ಇದರ ಹೆಸರೂ ಬರುತ್ತದೆ. ಹಾಡುಗಳಲ್ಲಿ ಒಂದು ಸ್ವರವೂ ಬದಲಾಗಿಲ್ಲ. ಬದಲಾದದ್ದು ಕೇಳುವ ಕಿವಿ.

ಹಿನ್ನೆಲೆ

ಶೂಗೇಜ್ ಎಂದರೆ ‘ಬೂಟು ನೋಡುವುದು’. ಅದು ಅಭಿಮಾನಿಗಳು ಇಟ್ಟ ಹೆಸರಲ್ಲ, ಪತ್ರಿಕೆಯವರು ಅಂಟಿಸಿದ್ದು. ಮೂಸ್ ಎಂಬ ತಂಡದ ಗಾಯಕ ವೇದಿಕೆಯ ನೆಲಕ್ಕೆ ಅಂಟಿಸಿಕೊಂಡಿದ್ದ ಸಾಲುಗಳನ್ನು ತಲೆ ತಗ್ಗಿಸಿ ಓದುತ್ತ ಹಾಡಿದ್ದನ್ನು ಕಂಡ ‘ಸೌಂಡ್ಸ್’ ಪತ್ರಿಕೆಯ ವಿಮರ್ಶೆಯಿಂದ ಈ ಮಾತು ಹುಟ್ಟಿತು. ಗಿಟಾರಿನ ದನಿಯನ್ನು ಹಿಗ್ಗಿಸುವ, ಮಸುಕಾಗಿಸುವ, ಮತ್ತೆ ಮತ್ತೆ ಮರುಕಳಿಸುವ ಪೆಡಲ್‌ಗಳು ವಾದಕರ ಕಾಲ ಬಳಿ ಸಾಲಾಗಿ ಇರುತ್ತಿದ್ದುದರಿಂದ ಉಳಿದ ತಂಡಗಳಿಗೂ ಅದು ಹೊಂದಿತು.

ಸ್ಲೋಡೈವ್ 1989ರಲ್ಲಿ ಹುಟ್ಟಿತು. ನೀಲ್ ಹಾಲ್‌ಸ್ಟೆಡ್ ಮತ್ತು ರೇಚಲ್ ಗಾಸ್‌ವೆಲ್ ಆರು ವರ್ಷದವರಿದ್ದಾಗಿನಿಂದ ಸ್ನೇಹಿತರು. ಇಬ್ಬರೂ ಗಿಟಾರ್ ನುಡಿಸುತ್ತ ಹಾಡುವವರು. ಬೇಸ್ ಗಿಟಾರಿಗೆ ನಿಕ್ ಚಾಪ್ಲಿನ್, ಮೂರನೆಯ ಗಿಟಾರಿಗೆ ಕ್ರಿಸ್ಟಿಯನ್ ಸ್ಯಾವಿಲ್ ಬಂದರು. ಡ್ರಮ್ಸ್ ಮುಂದೆ ಕೂರುವವರು ಒಂದೆರಡು ಬಾರಿ ಬದಲಾಗಿ, ಕೊನೆಗೆ ಸೈಮನ್ ಸ್ಕಾಟ್ ನೆಲೆಯಾದರು. ಅಲನ್ ಮೆಗೀ ನಡೆಸುತ್ತಿದ್ದ ಕ್ರಿಯೇಶನ್ ಕಂಪನಿ ಇವರನ್ನು ಬರಮಾಡಿಕೊಂಡಾಗ ಎಲ್ಲರೂ ಇಪ್ಪತ್ತರ ಆಸುಪಾಸಿನವರು. 1990ರ ಮೊದಲ ಇಪಿಯನ್ನು (ಕಿರು ಆಲ್ಬಮ್ಮನ್ನು) ಪತ್ರಿಕೆಗಳು ಹಾಡಿಹೊಗಳಿದವು.

ಆ ಹೊಗಳಿಕೆ ವರ್ಷ ತುಂಬುವುದರೊಳಗೆ ಕರಗಿತು. ಪೂರ್ಣ ಆಲ್ಬಮ್ಮಿಗೆ ಸಾಕಾಗುವಷ್ಟು ಹಾಡು ಕೈಯಲ್ಲಿವೆ ಎಂದು ಹಾಲ್‌ಸ್ಟೆಡ್ ಮೆಗೀಯನ್ನು ನಂಬಿಸಿದ್ದರು. ನಿಜಕ್ಕೂ ಅಷ್ಟು ಇರಲಿಲ್ಲ. ಸ್ಟುಡಿಯೊದಲ್ಲೇ ಬರೆಯುತ್ತ ಮುಗಿಸಿದ ‘ಜಸ್ಟ್ ಫಾರ್ ಎ ಡೇ’ 1991ರಲ್ಲಿ ಬಂದು ಬ್ರಿಟನ್ನಿನ ಆಲ್ಬಮ್ ಮಾರಾಟದ ಪಟ್ಟಿಯಲ್ಲಿ 32ನೆಯ ಸ್ಥಾನ ಮುಟ್ಟಿತು. ಆ ಹೊತ್ತಿಗೆ ಗಾಳಿ ತಿರುಗಿತ್ತು. ಒಬ್ಬರ ಕಾರ್ಯಕ್ರಮಕ್ಕೆ ಇನ್ನೊಬ್ಬರು ಹೋಗುತ್ತಿದ್ದ ಈ ತಂಡಗಳನ್ನು ‘ಮೆಲೊಡಿ ಮೇಕರ್’ ವಾರಪತ್ರಿಕೆ ತಮ್ಮನ್ನು ತಾವೇ ಸಂಭ್ರಮಿಸಿಕೊಳ್ಳುವ ಗುಂಪು ಎಂದು ಕರೆದಿತ್ತು. ಮ್ಯಾನಿಕ್ ಸ್ಟ್ರೀಟ್ ಪ್ರೀಚರ್ಸ್ ತಂಡದ ರಿಚಿ ಎಡ್ವರ್ಡ್ಸ್ ಅಂತೂ ತಮಗೆ ಹಿಟ್ಲರನಿಗಿಂತ ಸ್ಲೋಡೈವ್ ಮೇಲೆಯೇ ಹೆಚ್ಚು ದ್ವೇಷ ಎಂದುಬಿಟ್ಟರು.

ತಯಾರಿ

ಎರಡನೆಯ ಆಲ್ಬಮ್ಮಿನ ಕೆಲಸ ಈ ನೆರಳಿನಲ್ಲೇ ಶುರುವಾಯಿತು. ಬರೆದದ್ದನ್ನು ಪತ್ರಿಕೆಗಳು ಹೇಗೆ ಓದಿಯಾವು ಎಂಬ ಅಳುಕಿನಲ್ಲಿ ತಂಡ ಬರೆದು, ಧ್ವನಿಮುದ್ರಿಸಿ, ಮತ್ತೆ ಧ್ವನಿಮುದ್ರಿಸಿ ಸುಮಾರು 40 ಹಾಡುಗಳನ್ನು ಗುಡ್ಡೆ ಹಾಕಿತು. ಮೆಗೀ ಬಂದು ಕೇಳಿದರು. ಒಂದೂ ಹಿಡಿಸಲಿಲ್ಲ, ಅದನ್ನು ಒರಟಾಗಿಯೇ ಹೇಳಿದರು. ತಂಡ ಎಲ್ಲವನ್ನೂ ಬದಿಗಿಟ್ಟು ಮೊದಲಿನಿಂದ ಆರಂಭಿಸಿತು.

ಹೊಸ ಆರಂಭಕ್ಕೆ ಮುನ್ನ ಅವರು ಬ್ರಯಾನ್ ಈನೊಗೆ ಪತ್ರ ಬರೆದು ಆಲ್ಬಮ್ ನಿರ್ಮಿಸಿಕೊಡುವಿರಾ ಎಂದು ಕೇಳಿದರು. ಡೇವಿಡ್ ಬೋವಿಯ ‘ಲೋ’ (1977) ಆಲ್ಬಮ್ಮಿನಲ್ಲಿ ಕೈಯಾಡಿಸಿದ್ದ ಈನೊ, ಹಾಲ್‌ಸ್ಟೆಡ್‌ಗೆ ದೊಡ್ಡ ಆದರ್ಶ. ನಿಮ್ಮ ಸಂಗೀತ ಇಷ್ಟ, ಆದರೆ ನಿರ್ಮಾಪಕನಾಗಲಾರೆ, ಜೊತೆಯಲ್ಲಿ ಕೆಲಸ ಮಾಡುತ್ತೇನೆ ಎಂದು ಈನೊ ಉತ್ತರಿಸಿದರು. ಇಬ್ಬರೂ ಕೆಲವು ದಿನ ಸ್ಟುಡಿಯೊದಲ್ಲಿ ಕುಳಿತರು. ಫಲ ಎರಡು ಹಾಡು: ಈನೊ ಸಹರಚನಕಾರರಾಗಿರುವ ‘ಸಿಂಗ್’, ಅವರು ಕೀಬೋರ್ಡ್ ನುಡಿಸಿರುವ ‘ಹಿಯರ್ ಶೀ ಕಮ್ಸ್’.

ಆಲ್ಬಮ್ಮಿನ ಎದೆಬಡಿತ ಮಾತ್ರ ಬೇರೆ ಕಡೆಯಿಂದ ಬಂತು. ಹದಿಹರೆಯದಿಂದ ಜೋಡಿಯಾಗಿದ್ದ ಹಾಲ್‌ಸ್ಟೆಡ್ ಮತ್ತು ಗಾಸ್‌ವೆಲ್ ಈ ವೇಳೆಗೆ ಬೇರೆಯಾಗಿದ್ದರು. ತಂಡವನ್ನು ಮಾತ್ರ ಇಬ್ಬರೂ ಬಿಡಲಿಲ್ಲ. ಇನ್ನಷ್ಟು ಮಾರಾಟವಾಗುವಂಥ ದನಿ ಬೇಕು ಎಂದು ಕಂಪನಿ ಒತ್ತಾಯಿಸುತ್ತಿದ್ದಾಗ ಹಾಲ್‌ಸ್ಟೆಡ್ ಇದ್ದಕ್ಕಿದ್ದಂತೆ ಹೊರಟು ವೇಲ್ಸ್ ಪ್ರಾಂತ್ಯದ ಒಂದು ಕಾಟೇಜ್ ಸೇರಿಕೊಂಡರು. ಸ್ಯಾವಿಲ್, ಚಾಪ್ಲಿನ್, ಸ್ಕಾಟ್ ಮೂವರೂ ಕಡಲತಡಿಯ ವೆಸ್ಟನ್-ಸೂಪರ್-ಮೇರ್ ಊರಿನ ಸ್ಟುಡಿಯೊದಲ್ಲಿ ಅವರ ದಾರಿ ಕಾಯುತ್ತ ಕುಳಿತರು. ಮರಳಿ ಬಂದಾಗ ಹಾಲ್‌ಸ್ಟೆಡ್ ಬಳಿ ‘ಡ್ಯಾಗರ್’, ‘40 ಡೇಸ್’ ಸೇರಿದಂತೆ ಹೊಸ ಹಾಡುಗಳಿದ್ದವು. ಅಗಲಿಕೆಯ ನೋವನ್ನು ಬಚ್ಚಿಡದ ಆ ಹಾಡುಗಳಿಗೆ ಗಾಸ್‌ವೆಲ್ ಅದೇ ಮೈಕಿನ ಮುಂದೆ ದನಿಗೂಡಿಸಬೇಕಿತ್ತು. ಗೂಡಿಸಿದರು.

ಅಮೆರಿಕದ ಜರ್ಕಿ ಬಾಯ್ಸ್ ಜೋಡಿಯ ಒಂದು ಕೀಟಲೆ ಫೋನ್ ಕರೆಯಲ್ಲಿ ಬಂದ ಮಾತೇ ಆಲ್ಬಮ್ಮಿಗೆ ಹೆಸರಾಯಿತು. ಸುವ್ಲಾಕಿ ಎಂದರೆ ಕಡ್ಡಿಗೆ ಚುಚ್ಚಿ ಸುಟ್ಟ ಮಾಂಸದ ಗ್ರೀಕ್ ಖಾದ್ಯ. ಹಾಡುಗಳ ವಿಷಾದಕ್ಕೂ ಈ ಹೆಸರಿಗೂ ಯಾವ ನಂಟೂ ಇಲ್ಲ.

ಸಂಗೀತ

ಮೊದಲ ಆಲ್ಬಮ್ಮಿನಲ್ಲಿ ಗಿಟಾರುಗಳ ಮಂಜು ಹಾಡನ್ನೇ ಮುಚ್ಚಿಬಿಡುತ್ತಿತ್ತು. ‘ಸುವ್ಲಾಕಿ’ಯಲ್ಲಿ ಮಂಜು ಹಾಗೇ ಇದೆ, ಆದರೆ ಅದರೊಳಗಿನ ಹಾಡು ಕಾಣುತ್ತದೆ. ಆರಂಭದ ‘ಆಲಿಸನ್’ ಅನ್ನು ಒಂದೇ ಅಕೂಸ್ಟಿಕ್ ಗಿಟಾರಿನಲ್ಲಿ ನುಡಿಸಿದರೂ ಅದು ನಿಲ್ಲುತ್ತದೆ; ಅಷ್ಟು ಗಟ್ಟಿಯಾದ ರಾಗದ ಮೇಲೆ ಪದರ ಪದರವಾಗಿ ದನಿಗಳನ್ನು ಹೊದಿಸಲಾಗಿದೆ. ಯಮಹಾ ಎಫ್‌ಎಕ್ಸ್500 ಯಂತ್ರದ ‘ಸಾಫ್ಟ್ ಫೋಕಸ್’ ಎಂಬ ಪರಿಣಾಮ ಈ ತಂಡದ ಗುರುತಾಗಿಬಿಟ್ಟಿದೆ. ತಂತಿ ಮೀಟಿದ ಪೆಟ್ಟಿನ ಅಂಚನ್ನು ಅದು ಮೃದುಗೊಳಿಸುತ್ತದೆ. ಸ್ವರ ಎಲ್ಲಿ ಹುಟ್ಟಿತು, ಎಲ್ಲಿ ಮುಗಿಯಿತು ಎಂದು ಕಿವಿಗೆ ತಿಳಿಯುವುದೇ ಇಲ್ಲ.

‘ಮೆಷಿನ್ ಗನ್’ ಹಾಡಿನಲ್ಲಿ ಗಾಸ್‌ವೆಲ್ ದನಿ ಮೇಲೆ ತೇಲುತ್ತಿದ್ದರೆ ಹಾಲ್‌ಸ್ಟೆಡ್ ಕೆಳಗಿನಿಂದ ಬಂದು ಸೇರುತ್ತಾರೆ. ‘ಸುವ್ಲಾಕಿ ಸ್ಪೇಸ್ ಸ್ಟೇಶನ್’ ಜಮೈಕಾದ ಡಬ್ ಸಂಗೀತದ ಋಣಿ: ಬೇಸ್ ಗಿಟಾರ್ ಮುಂದೆ ನಿಂತು ನಡೆಸುತ್ತದೆ, ಉಳಿದದ್ದೆಲ್ಲ ಪ್ರತಿಧ್ವನಿಯಾಗಿ ಸುತ್ತುತ್ತದೆ. ‘ವೆನ್ ದ ಸನ್ ಹಿಟ್ಸ್’ ಪಿಸುಮಾತಿನಲ್ಲಿ ಹೊರಟು, ಒಮ್ಮೆಲೇ ಎಲ್ಲ ಗಿಟಾರುಗಳೂ ತೆರೆದುಕೊಳ್ಳುವ ಹಾಡು. ಇಷ್ಟೆಲ್ಲ ಆದ ಮೇಲೆ ಕೊನೆಯ ‘ಡ್ಯಾಗರ್’ ಬರುತ್ತದೆ. ಅಲ್ಲಿ ಮಂಜೂ ಇಲ್ಲ, ಅಬ್ಬರವೂ ಇಲ್ಲ; ಒಂದು ಅಕೂಸ್ಟಿಕ್ ಗಿಟಾರ್, ತಗ್ಗಿದ ದನಿ. ಪೆಡಲ್‌ಗಳ ಹಿಂದೆ ಅಡಗುವವರು ಎಂದು ಇವರನ್ನು ದೂರಿದವರು ಈ ಹಾಡಿನವರೆಗೆ ಕೇಳಬೇಕಿತ್ತು.

ಬಿಡುಗಡೆ ಮತ್ತು ಸ್ವಾಗತ

1993ರ ಬ್ರಿಟನ್ ಬೇರೆಯದನ್ನು ಹುಡುಕುತ್ತಿತ್ತು. ಅಮೆರಿಕದ ಗ್ರಂಜ್ ರಾಕ್ ಅಲೆ ಬಂದು ಎರಡು ವರ್ಷವಾಗಿತ್ತು. ಸ್ವೇಡ್ ತಂಡದ ಮೊದಲ ಆಲ್ಬಮ್ ಅದೇ ವರ್ಷ ಪಟ್ಟಿಯ ತುದಿಗೇರಿತು. ಹಿಂದೆ ಇದೇ ಶೂಗೇಜ್ ಗುಂಪಿನಲ್ಲಿ ಎಣಿಕೆಯಾಗಿದ್ದ ಬ್ಲರ್ ಅಪ್ಪಟ ಇಂಗ್ಲಿಷ್ ಬದುಕಿನ ಹಾಡುಗಳತ್ತ ಹೊರಳಿತ್ತು. ಬ್ರಿಟ್‌ಪಾಪ್ ಎಂಬ ಈ ಹೊಸ ಅಲೆ ಬಾಗಿಲಲ್ಲಿತ್ತು. ಚುರುಕು ಮಾತು, ನೇರ ನೋಟ ಬಯಸಿದ ಪತ್ರಕರ್ತರಿಗೆ ತಲೆ ತಗ್ಗಿಸಿದ ಈ ಐವರು ಮುಗಿದ ಅಧ್ಯಾಯವಾಗಿ ಕಂಡರು.

‘ಮೆಲೊಡಿ ಮೇಕರ್’ನಲ್ಲಿ ಡೇವ್ ಸಿಂಪ್ಸನ್ ಬರೆದ ವಿಮರ್ಶೆ ಆ ಕಾಲದ ಕ್ರೌರ್ಯಕ್ಕೆ ಉದಾಹರಣೆಯಾಗಿ ಉಳಿದಿದೆ. ಈ ಆಲ್ಬಮ್ಮನ್ನು ಇನ್ನೊಮ್ಮೆ ಕೇಳುವುದಕ್ಕಿಂತ ಗಂಜಿ ತುಂಬಿದ ತೊಟ್ಟಿಯಲ್ಲಿ ಉಸಿರುಗಟ್ಟಿ ಮುಳುಗುವುದೇ ಲೇಸು ಎಂಬುದು ಅದರ ಸಾರ. ‘ಎನ್‌ಎಂಇ’ ಪತ್ರಿಕೆಯಲ್ಲಿ ಜಾನ್ ಮುಲ್ವಿ ಅನುಮಾನದೊಂದಿಗೇ ಆದರೂ ಮೆಚ್ಚುಗೆಯ ಮಾತಾಡಿದರು. ಆಲ್ಬಮ್ ಪಟ್ಟಿಯಲ್ಲಿ 51ಕ್ಕೆ ನಿಂತಿತು. ಅಮೆರಿಕದಲ್ಲಿ ಎಸ್‌ಬಿಕೆ ಕಂಪನಿ ಅದನ್ನು ತಡವಾಗಿ, 1994ರಲ್ಲಿ ತಂದಿತು. ಆ ಆವೃತ್ತಿಗೆ ಸೇರಿಸಿದ ಹಾಡುಗಳಲ್ಲಿ ಲೀ ಹೇಜಲ್‌ವುಡ್ ಬರೆದ ‘ಸಮ್ ವೆಲ್ವೆಟ್ ಮಾರ್ನಿಂಗ್’ ಕೂಡ ಒಂದು.

ಬಳಿಕ ಸೈಮನ್ ಸ್ಕಾಟ್ ತಂಡ ಬಿಟ್ಟರು. 1995ರ ಫೆಬ್ರುವರಿಯಲ್ಲಿ ಬಂದ ‘ಪಿಗ್ಮೇಲಿಯನ್’ ಹಾಡಿನ ಚೌಕಟ್ಟನ್ನೇ ಬಿಟ್ಟು ಮೌನದತ್ತ ಸಾಗಿತು. ಅದರ ಬೆನ್ನಲ್ಲೇ, ಓಯಸಿಸ್ ತಂಡದ ಯಶಸ್ಸಿನಲ್ಲಿ ತೇಲುತ್ತಿದ್ದ ಕ್ರಿಯೇಶನ್ ಸ್ಲೋಡೈವ್ ಜೊತೆಗಿನ ಒಪ್ಪಂದ ಮುಗಿಸಿತು. ಹಾಲ್‌ಸ್ಟೆಡ್ ಮತ್ತು ಗಾಸ್‌ವೆಲ್ ಮೊಹಾವಿ 3 ಎಂಬ ಹೊಸ ಹೆಸರಿನಲ್ಲಿ 4ಎಡಿ ಕಂಪನಿ ಸೇರಿ, ‘ಡ್ಯಾಗರ್’ ತೋರಿಸಿದ ಸರಳ ದಾರಿಯಲ್ಲಿ ಮುಂದೆ ನಡೆದರು.

ಮರುಹುಟ್ಟು

ಆಲ್ಬಮ್ಮನ್ನು ಮತ್ತೆ ಎತ್ತಿ ಹಿಡಿದವರಲ್ಲಿ ಎಲೆಕ್ಟ್ರಾನಿಕ್ ಸಂಗೀತಗಾರರು ಮೊದಲಿಗರು. 2002ರಲ್ಲಿ ಬರ್ಲಿನ್ನಿನ ಮೋರ್ ಮ್ಯೂಸಿಕ್ ಸಂಸ್ಥೆ ‘ಬ್ಲೂ ಸ್ಕೈಡ್ ಆನ್ ಕ್ಲಿಯರ್’ ಎಂಬ ಗೌರವ ಸಂಕಲನ ತಂದಿತು. ಅದರಲ್ಲಿ ಉಲ್ರಿಕ್ ಶ್ನಾಸ್ ಮುಂತಾದವರು ಕಂಪ್ಯೂಟರ್ ಮತ್ತು ಸಿಂಥಸೈಜರ್ ಮೂಲಕ ಸ್ಲೋಡೈವ್ ಗಿಟಾರುಗಳ ಮಂಜನ್ನು ಮರಳಿ ಕಟ್ಟಿದರು. 2005ರಲ್ಲಿ ಹಳೆಯ ಆಲ್ಬಮ್‌ಗಳು ಮರುಮುದ್ರಣವಾದವು. 2015ರಲ್ಲಿ ‘ಪಿಚ್‌ಫೋರ್ಕ್’ ‘ಸುವ್ಲಾಕಿ’ಯ ಹುಟ್ಟಿನ ಕುರಿತೇ ಸಾಕ್ಷ್ಯಚಿತ್ರ ಮಾಡಿತು, ಮರುವರ್ಷ ಅದೇ ಪತ್ರಿಕೆಯ 50 ಅತ್ಯುತ್ತಮ ಶೂಗೇಜ್ ಆಲ್ಬಮ್‌ಗಳ ಪಟ್ಟಿಯಲ್ಲಿ ಇದಕ್ಕೆ ‘ಲವ್‌ಲೆಸ್’ ನಂತರದ ಎರಡನೆಯ ಸ್ಥಾನ ದೊರೆಯಿತು.

ತಂಡವೂ ಮರಳಿತ್ತು. 2014ರಲ್ಲಿ ಬಾರ್ಸಿಲೋನಾದ ಪ್ರಿಮವೆರಾ ಸೌಂಡ್ ಉತ್ಸವದ ವೇದಿಕೆ ಹತ್ತಿದ್ದು ‘ಸುವ್ಲಾಕಿ’ ನುಡಿಸಿದ ಅದೇ ಐವರು, ಸ್ಕಾಟ್ ಸಹಿತ. 2017ರಲ್ಲಿ ತಂಡದ ಹೆಸರನ್ನೇ ಹೊತ್ತ ಹೊಸ ಆಲ್ಬಮ್ ಬಂತು. 2023ರ ಸೆಪ್ಟೆಂಬರಿನಲ್ಲಿ ‘ಎವೆರಿಥಿಂಗ್ ಈಸ್ ಅಲೈವ್’ ಹೊರಬಂದಾಗ, ಮೂವತ್ತು ವರ್ಷಗಳ ಹಿಂದೆ 51ಕ್ಕೆ ನಿಂತಿದ್ದ ತಂಡ ಬ್ರಿಟನ್ನಿನ ಪಟ್ಟಿಯ ಮೊದಲ ಹತ್ತರೊಳಗೆ ಬಂತು. ಆ ಪ್ರವಾಸಗಳಲ್ಲೂ ಅವರು ‘ವೆನ್ ದ ಸನ್ ಹಿಟ್ಸ್’ ಮತ್ತು ‘ಆಲಿಸನ್’ ನುಡಿಸಿದರು. ಮುಂದಿನ ಸಾಲುಗಳಲ್ಲಿ ನಿಂತವರಲ್ಲಿ ಅನೇಕರು 1993ರ ನಂತರ ಹುಟ್ಟಿದವರು.