ಹೊತ್ತು ನೋಡುವ ಪುರೋಹಿತರು

ಪ್ರಾಚೀನ ಈಜಿಪ್ಟಿನ ದೇವಾಲಯಗಳಲ್ಲಿ ಹಗಲಿರುಳಿನ ಗಂಟೆಗಳನ್ನು ಅಳೆದು, ಪೂಜೆ ಉತ್ಸವಗಳ ವೇಳೆ ಗೊತ್ತುಮಾಡುತ್ತಿದ್ದ ಪುರೋಹಿತವರ್ಗ; ಈಗ ಅಳಿದುಹೋಗಿದೆ. ಈಜಿಪ್ಟಿನ ಭಾಷೆಯಲ್ಲಿ ಗಂಟೆಗೆ ‘ವೆನುತ್’ ಎಂದು ಹೆಸರು. ಇವರ ಬಿರುದು ‘ಇಮಿ-ವೆನುತ್’, ಎಂದರೆ ಹೊತ್ತಿನೊಳಗೆ ಇರುವವನು. ಗ್ರೀಕರು ‘ಹೋರೋಸ್ಕೋಪೋಸ್’, ಹೊತ್ತು ನೋಡುವವನು, ಎಂದು ಕರೆದರು. ಸರದಿಯ ಮೇಲೆ ಗುಡಿಯ ಊಳಿಗಕ್ಕೆ ಬರುತ್ತಿದ್ದ ಸಾಮಾನ್ಯರ ತಂಡಕ್ಕೂ ವೆನುತ್ ಎಂದೇ ಹೆಸರಿತ್ತು. ಆದ್ದರಿಂದ ಶಾಸನಗಳಲ್ಲಿ ಈ ಪದ ಸಿಕ್ಕಲ್ಲೆಲ್ಲ ನಕ್ಷತ್ರ ನೋಡುವವನೇ ಇದ್ದನೆಂದು ತಿಳಿಯಬಾರದು.

ಇರುಳಿನ ಲೆಕ್ಕ

ಇವರಿಗೆ ಹಗಲಿಗಿಂತ ಇರುಳೇ ಮುಖ್ಯ. ಸೂರ್ಯದೇವ ರಾತ್ರಿಯ ಹನ್ನೆರಡು ಗಂಟೆಗಳಲ್ಲಿ ಪಾತಾಳವನ್ನು ದಾಟುತ್ತಾನೆಂಬುದು ನಂಬಿಕೆ. ಒಸೈರಿಸ್‌ನ ಶವಕ್ಕೆ ಗಂಟೆಗಂಟೆಗೂ ಕಾವಲು ಕೂರುವ ವಿಧಿ ಎಡ್ಫು, ದೆಂದೇರಾ, ಫಿಲೇ ಗುಡಿಗಳ ಗೋಡೆಗಳ ಮೇಲಿದೆ. ಮಂತ್ರ ಹೊತ್ತಿಗೆ ಸರಿಯಾಗಿ ಬೀಳಬೇಕಿತ್ತು. ಖಗೋಳಶಾಸ್ತ್ರ ಬೆಳೆದದ್ದು ಆ ಅಗತ್ಯದ ಬೆನ್ನಿಗೆ.

ಕ್ರಿ.ಪೂ. 2100ರ ಸುಮಾರಿನಿಂದ ಅಸಿಯೂತ್ ಮೊದಲಾದೆಡೆಯ ಶವಪೆಟ್ಟಿಗೆಗಳ ಮುಚ್ಚಳದ ಒಳಮೈಯಲ್ಲಿ 36 ನಕ್ಷತ್ರಗುಂಪುಗಳ ಪಟ್ಟಿ ಕಾಣಸಿಗುತ್ತದೆ. ಹತ್ತು ದಿನಕ್ಕೊಂದು ಕಂಬಸಾಲು. ಪ್ರತಿ ಸಾಲಿನಲ್ಲೂ ಗುಂಪಿನ ಹೆಸರು ಒಂದು ಮನೆ ಮೇಲಕ್ಕೆ ಸರಿಯುವುದರಿಂದ ಇಡೀ ಪಟ್ಟಿ ಓರೆಯಾಗಿ ಹರಿಯುತ್ತದೆ.

ಇದಕ್ಕಿಂತ ಸೂಕ್ಷ್ಮವಾದದ್ದು ಆರನೆಯ, ಏಳನೆಯ ಹಾಗೂ ಒಂಬತ್ತನೆಯ ರಾಮ್‌ಸೆಸ್‌ರ ಗೋರಿಗಳ ಚಾವಣಿಯಲ್ಲಿದೆ (ಕ್ರಿ.ಪೂ. 12ನೆಯ ಶತಮಾನ). ವರ್ಷಕ್ಕೆ 24 ಕೋಷ್ಟಕ, ತಿಂಗಳಿಗೆ ಎರಡರಂತೆ. ಪ್ರತಿ ಕೋಷ್ಟಕದಲ್ಲಿ 13 ಸಾಲು: ಮೊದಲನೆಯದು ರಾತ್ರಿಯ ಆರಂಭಕ್ಕೆ, ಉಳಿದವು ಹನ್ನೆರಡು ಗಂಟೆಗಳಿಗೆ. ಕೆಳಗೆ ನಮ್ಮತ್ತ ಮುಖ ಮಾಡಿ ಕುಳಿತ ಒಬ್ಬ ಮನುಷ್ಯ. ಇಂಥ ನಕ್ಷತ್ರ ಅವನ ಎಡ ಭುಜದ ಮೇಲೆ, ಎಡ ಕಿವಿಯ ಮೇಲೆ, ಎಡ ಕಣ್ಣಿನ ಮೇಲೆ, ಎದೆಯ ನೇರಕ್ಕೆ, ಬಲ ಕಣ್ಣಿನ ಮೇಲೆ ಎಂದು ಗಂಟೆಗೊಂದರಂತೆ ಬರೆದಿದೆ. ಇಬ್ಬರು ಪುರೋಹಿತರು ಉತ್ತರ-ದಕ್ಷಿಣ ರೇಖೆಯಲ್ಲಿ ಎದುರುಬದುರು ಕುಳಿತು, ಒಬ್ಬನ ಮೈಯನ್ನೇ ಗುರುತುಗಂಬವಾಗಿಸಿ ಇನ್ನೊಬ್ಬ ನೋಡುತ್ತಿದ್ದನೆಂಬುದು ಬಹುಕಾಲದ ವಿವರಣೆ. ಎದುರಿಗಿದ್ದದ್ದು ಮನುಷ್ಯನಲ್ಲ, ವಿಗ್ರಹ ಎಂದೂ ಹೇಳಬಹುದು. ಕುಳಿತವನು ಒಂದಿಷ್ಟು ಮಿಸುಕಿದರೂ ನಕ್ಷತ್ರ ಕಿವಿಯಿಂದ ಕಣ್ಣಿಗೆ ಜಿಗಿದುಬಿಡುತ್ತದೆ! ಪ್ರತಿಗಳಲ್ಲಿ ತಪ್ಪುಗಳೂ ಇವೆ. ಸತ್ತ ದೊರೆಗೆಂದು ಬರೆದದ್ದನ್ನು ಯಾರೂ ಆಕಾಶಕ್ಕೆ ಹಿಡಿದು ತಾಳೆ ನೋಡಿರಲಾರರು.

ಸಲಕರಣೆ

ತೂಗುಗುಂಡು ಕಟ್ಟಿದ ಅಡ್ಡಪಟ್ಟಿ ಮತ್ತು ತುದಿಯಲ್ಲಿ ಸೀಳು ಬಿಟ್ಟ ತಾಳೆಗರಿಯ ದಿಂಡು, ಇವೆರಡು ಇವರ ಕೈಯ ಉಪಕರಣಗಳು. ಕ್ರಿ.ಪೂ. 600ರ ಸುಮಾರಿನ ಹೋರ್ ಎಂಬ ಪುರೋಹಿತನ ಜೋಡಿ ಬರ್ಲಿನ್ ಸಂಗ್ರಹಾಲಯದಲ್ಲಿದೆ.

ಮೋಡ ಕವಿದರೆ ನೀರುಗಡಿಯಾರ. ಕಾರ್ನಾಕ್‌ನಲ್ಲಿ ಸಿಕ್ಕ, ಮೂರನೆಯ ಅಮೆನ್‌ಹೋಟೆಪ್ ಕಾಲದ ಕಲ್ಲಿನ ಪಾತ್ರೆಯ ಒಳಮೈಯಲ್ಲಿ ಹನ್ನೆರಡು ತಿಂಗಳಿಗೆ ಹನ್ನೆರಡು ಅಳತೆಸಾಲುಗಳಿವೆ. ಋತುವಿಗೆ ತಕ್ಕಂತೆ ಇರುಳು ಹಿಗ್ಗಿ ಕುಗ್ಗುವುದರಿಂದ ಒಂದೇ ಅಳತೆ ಸಾಲದು. ಅತಿ ದೀರ್ಘ ಇರುಳಿಗೆ 14 ಬೆರಳು, ಅತಿ ಚಿಕ್ಕದಕ್ಕೆ 12. ನೀರು ಇಳಿದಂತೆ ಒತ್ತಡ ತಗ್ಗಿ ಸುರಿತವೂ ನಿಧಾನವಾಗುತ್ತದೆ. ಅದನ್ನು ಸರಿದೂಗಿಸಲು ಪಾತ್ರೆಯನ್ನು ತಳಕ್ಕೆ ಕಿರಿದಾಗಿಸಿದ್ದಾರೆ. ನೇರ ಗೋಡೆಯ ಶಂಕುವಿನಾಕಾರದಿಂದ ಇದು ಪೂರ್ತಿ ಸಾಧ್ಯವಿಲ್ಲ, ಕುಶಲಿಗರು ಹತ್ತಿರಕ್ಕಂತೂ ಬಂದಿದ್ದರು.

ಮಾಂತ್ರಿಕರೇ?

ಕತೆಗಳಲ್ಲಿ ಕಾಲವನ್ನೇ ತಡೆದು ನಿಲ್ಲಿಸುವ ಈಜಿಪ್ಟಿನ ಮಾಯಾವಿ ಸಾಮಾನ್ಯ. ಇದಕ್ಕೆ ಕೊಂಚ ಹತ್ತಿರದವನು ಕ್ರಿ.ಪೂ. 3ನೆಯ ಶತಮಾನದ ಹಾರ್‌ಖೇಬಿ. ಅವನ ಪ್ರತಿಮೆಯ ಮೇಲಿನ ಬರಹ ನಕ್ಷತ್ರಜ್ಞಾನವನ್ನು ಹೊಗಳಿ, ಅದೇ ಉಸಿರಿನಲ್ಲಿ ಚೇಳುದೇವತೆ ಸೆಲ್ಕೆತ್‌ಳ ಸೇವಕನೆಂದೂ ಹಾವುಗಳ ಬಾಯಿ ಕಟ್ಟಬಲ್ಲವನೆಂದೂ ಹೇಳುತ್ತದೆ. ಎರಡೂ ಅವನಿಗೆ ಒಂದೇ ಕಸುಬು.

ಅಳಿವು

ಅಲೆಕ್ಸಾಂಡ್ರಿಯದ ಕ್ಲೆಮೆಂಟ್, ಉತ್ಸವದ ಮೆರವಣಿಗೆಯಲ್ಲಿ ಹಾಡುಗಾರನ ಹಿಂದೆ ಗಡಿಯಾರವನ್ನೂ ತಾಳೆಗರಿಯನ್ನೂ ಹಿಡಿದು ಬರುವ ಹೋರೋಸ್ಕೋಪೋಸ್‌ನನ್ನು ಕ್ರಿ.ಶ. 200ರ ಸುಮಾರಿಗೆ ವರ್ಣಿಸಿದ್ದಾನೆ. ಕೊನೆಯ ಹೈರೋಗ್ಲಿಫ್ ಬರಹ ಫಿಲೇಯಲ್ಲಿ, 394ರಲ್ಲಿ. ಆರನೆಯ ಶತಮಾನದಲ್ಲಿ ಆ ಗುಡಿಯೂ ಮುಚ್ಚಿತು.

ಗ್ರೀಕ್ ‘ಹೋರಾ’ ಪದ ನಮ್ಮ ಪಂಚಾಂಗದ ಹೋರೆಯಾಗಿದೆ. 36 ಗುಂಪುಗಳ ಗ್ರೀಕ್ ಹೆಸರು ‘ದೆಕನೋಸ್’ ರಾಶಿಯ ಮೂರನೆಯ ಒಂದು ಭಾಗವಾದ ದ್ರೇಕ್ಕಾಣವಾಗಿದೆ. ಹೋರಾ ಎಂಬುದು ‘ಅಹೋರಾತ್ರ’ದ ಮೊದಲ ಮತ್ತು ಕೊನೆಯ ಅಕ್ಷರ ಬಿಟ್ಟು ಆದದ್ದೆಂಬ ವಿವರಣೆಯನ್ನು ವರಾಹಮಿಹಿರ ದಾಖಲಿಸಿದ್ದಾನೆ.