ದಸರಾ ಆನೆಗಳ ತಾಲೀಮು ಮತ್ತು ಅನುಬಂಧನ

ಒಂದು ಸೂಚನೆಗೂ ಅದರ ಬೆನ್ನಿಗೇ ಬರುವ ಫಲಕ್ಕೂ ಪ್ರಾಣಿಯ ಅನುಭವದಲ್ಲಿ ನಂಟು ಬೆಳೆದು ನಡವಳಿಕೆ ಬದಲಾಗುವುದನ್ನು ಮನಶ್ಶಾಸ್ತ್ರ ಅನುಬಂಧನ ಎನ್ನುತ್ತದೆ. ರಷ್ಯಾದ ಇವಾನ್ ಪಾವ್ಲೋವ್ ನಾಯಿಗಳ ಜೊಲ್ಲಿನಲ್ಲಿ ಇದನ್ನು ಗುರುತಿಸಿದರು. ಬಹುಮಾನದಿಂದ ವರ್ತನೆ ಗಟ್ಟಿಯಾಗುವ ಬಗೆಯನ್ನು ಅಮೆರಿಕದ ಬಿ. ಎಫ್. ಸ್ಕಿನ್ನರ್ 1938ರ ಗ್ರಂಥದಲ್ಲಿ ವಿವರಿಸಿದರು. ಮೈಸೂರಿನಲ್ಲಿ ಎಂ. ವಿ. ಗೋಪಾಲಸ್ವಾಮಿಯವರು ವಿಶ್ವವಿದ್ಯಾನಿಲಯದ ಮನಶ್ಶಾಸ್ತ್ರ ವಿಭಾಗವನ್ನು 1924ರಲ್ಲಿ ಕಟ್ಟಿದರು. ಆದರೆ ಈ ತತ್ತ್ವದ ಬಳಕೆ ಊರಿನ ಮಾವುತರಿಗೆ ಅದಕ್ಕಿಂತ ಬಹಳ ಹಿಂದೆಯೇ ಕೈವಶವಾಗಿತ್ತು.

ಮೈಸೂರು ಸಂಸ್ಥಾನದ ಆನೆಗಳು ಬಂದದ್ದು ಹೆಚ್ಚಾಗಿ ಖೆಡ್ಡಾಗಳಿಂದ, ಅಂದರೆ ಕಾಡಾನೆಗಳ ಹಿಂಡನ್ನು ಅಟ್ಟಿ ಸೆರೆಹಿಡಿಯುವ ಕಾರ್ಯಾಚರಣೆಗಳಿಂದ. 1870ರ ದಶಕದಲ್ಲಿ ಜಿ. ಪಿ. ಸ್ಯಾಂಡರ್‌ಸನ್ ಇಲ್ಲಿ ಆರಂಭಿಸಿದ ಈ ಪದ್ಧತಿ 1971ರಲ್ಲಿ ಕಾಕನಕೋಟೆಯಲ್ಲಿ ಕೊನೆಗೊಂಡಿತು. ಈಗ ಸೆರೆಸಿಕ್ಕ ಆನೆಯನ್ನು ದಪ್ಪ ಮರದ ದಿಮ್ಮಿಗಳ ಕ್ರಾಲ್‌ನಲ್ಲಿ ಇಡುತ್ತಾರೆ. ಮಾವುತ ಪಕ್ಕದಲ್ಲೇ ಕೂತು ಮಾತಾಡುತ್ತಾನೆ, ಕಬ್ಬು ಬೆಲ್ಲ ನೀಡುತ್ತಾನೆ. ದಿನ ಕಳೆದಂತೆ ಆ ದನಿಯೇ ಊಟದ ಸೂಚನೆಯಾಗುತ್ತದೆ. ಆಮೇಲೆ ಹೇಳಿದ ಕೂಡಲೇ ಕಾಲೆತ್ತಿದರೆ ಬೆಲ್ಲ ಸಿಗುತ್ತದೆ. ಮೊದಲನೆಯದು ಪಾವ್ಲೋವರ ಬಗೆ, ಎರಡನೆಯದು ಸ್ಕಿನ್ನರರದು. ಈ ಪಳಗಿಸುವಿಕೆಯಲ್ಲಿ ಸರಪಳಿಯ, ಅಂಕುಶದ ಭಯವೂ ಸೇರಿದೆ, ಅದನ್ನು ಮರೆಮಾಚುವಂತಿಲ್ಲ.

ದಸರೆಗೆ ಮುಂಚಿನ ವಾರಗಳಲ್ಲಿ ಅರಮನೆ ಆವರಣಕ್ಕೆ ಬಂದ ಆನೆಗಳ ಬೆನ್ನಿಗೆ ಮೊದಲು ಮರಳಿನ ಮೂಟೆ, ಬಳಿಕ ಮರದ ಅಂಬಾರಿ ಕಟ್ಟಿ ನಡೆಸುತ್ತಾರೆ. ಕೊನೆಗೆ ಹೊರಬೇಕಾದುದು ಸುಮಾರು 750 ಕಿಲೋ ತೂಕದ ಚಿನ್ನದ ಅಂಬಾರಿ. ಅದಕ್ಕಿಂತ ಕಠಿಣವಾದುದು ಫಿರಂಗಿ ತಾಲೀಮು. ವಿಜಯದಶಮಿಯಂದು 21 ಕುಶಾಲತೋಪು ಸಿಡಿಯುತ್ತವೆ. ಹೊಸ ಆನೆ ಮೊದಲ ಸದ್ದಿಗೇ ಕಿವಿ ನಿಮಿರಿಸಿ, ಬಾಲ ಎತ್ತಿ, ಹಿಂದಕ್ಕೆ ಜಗ್ಗುತ್ತದೆ. ಅದರ ಪಕ್ಕದಲ್ಲಿ ಅನುಭವಿ ಆನೆ ಅಲುಗದೆ ನಿಂತಿರುತ್ತದೆ, ಮಾವುತ ಮೈ ಸವರುತ್ತಾನೆ. ಸಿಡಿತದ ಹಿಂದೆ ಕೇಡೇನೂ ಬರಲಿಲ್ಲವೆಂಬುದು ಮತ್ತೆ ಮತ್ತೆ ಅನುಭವಕ್ಕೆ ಬಂದಾಗ ಬೆದರಿಕೆ ತಗ್ಗುತ್ತದೆ. ಕಟ್ಟುನಿಟ್ಟಾಗಿ ಹೇಳಬೇಕೆಂದರೆ ಇದು ಅನುಬಂಧನವಲ್ಲ, ಅದಕ್ಕಿಂತ ಸರಳವಾದ ರೂಢಿಗೊಳ್ಳುವಿಕೆ. ಸದ್ದಿನ ಬೆನ್ನಿಗೆ ಕಬ್ಬು ಸಿಕ್ಕಾಗ ಮಾತ್ರ ಅಲ್ಲಿ ಅನುಬಂಧನವೂ ಸೇರುತ್ತದೆ.

ಹೀಗೆ ತಗ್ಗಿದ ಭಯ ಅಳಿಸಿಹೋಗುವುದಿಲ್ಲ. ತಗ್ಗಿದ ಪ್ರತಿಕ್ರಿಯೆ ಬಿಡುವಿನ ನಂತರ ತಾನಾಗಿ ಮರಳುವುದನ್ನು ಪಾವ್ಲೋವರ ಪ್ರಯೋಗಶಾಲೆಯೂ ಕಂಡಿತ್ತು. ಕಾಡಿನ ಶಿಬಿರದಲ್ಲಿ ತಿಂಗಳುಗಟ್ಟಲೆ ಮೌನದಲ್ಲಿದ್ದು ಬರುವ ಆನೆಗೆ ಹಳೆಯ ಪಾಠ ಸಾಲದು. 2020ರಲ್ಲಿ ಮೊದಲ ಬಾರಿ ಚಿನ್ನದ ಅಂಬಾರಿ ಹೊತ್ತ ಅಭಿಮನ್ಯು ಎಂಬ ಆನೆಗೂ ಆಮೇಲಿನ ದಸರೆಗಳ ತಾಲೀಮು ಮರಳಿನ ಮೂಟೆಯಿಂದಲೇ ಶುರುವಾಯಿತು.